ನಲವತ್ತೈದನೇ ಸಾಲಿನ ಸಾಕ್ಷಿ

ನೀರಿನ ಟಾಕಿ ತುಂಬಿದೆಯೇ ನೋಡು ಎಂದು ಮಾಶಾಬಿ ಕೆಳಗಿನಿಂದ ಕೂಗಿದಾಗ ಸೊಸೆ ನಾಜಿಯಾ ಮಾಳಿಗೆಯ ಮೆಟ್ಟಿಲ ಮೇಲಿದ್ದಳು. ಕಡೆಯ ನೆಂಟರು ಹಿಂದಿನ ದಿನ ಹೋಗಿದ್ದರು. ಬಾಡಿಗೆ ಕುರ್ಚಿಗಳೂ ಹೋಗಿದ್ದವು. ಜೋರಾಪುರ ಪೇಟೆಗೆ ಐದು ದಿನಕ್ಕೊಮ್ಮೆ ಬರುವ ನೀರು ಎಂದಿನಂತೆ ಏಳಕ್ಕೆ ಬಂದಿತ್ತು. ಟಾಕಿ ನೋಡುವುದು ನಾಜಿಯಾಳ ಗಂಡ ಫೈಜಲನ ಕೆಲಸವಾಗಿತ್ತು. ಗಾಂಧಿ ಚೌಕದ ತನ್ನ ಚಸ್ಮಾ ಅಂಗಡಿಯಲ್ಲಿ ಎದೆ ಹಿಡಿದುಕೊಂಡು ಕೂತವನು ಮತ್ತೆ ಎದ್ದಿರಲಿಲ್ಲ. ಅವನನ್ನು ಮಣ್ಣು ಮಾಡಿ ಆರು ದಿನವಾಗಿತ್ತು.

ಟಾಕಿಯ ಹಿಂದೆ ಒಂದು ಕಟ್ಟಿಗೆಯ ಪೆಟ್ಟಿಗೆ ಇತ್ತು. ಒಳಗೆ ಜೋಡಿ ಕೊಳವೆಯ ದುರ್ಬೀನು, ಅದರಡಿ ಉದ್ದನೆಯ ನೋಟುಬುಕ್ಕು. ಎರಡೂ ತಿಕೋಟಾದ ವೇದವ್ಯಾಸ ಮಾಸ್ತರರವು. ಹೈಸ್ಕೂಲಿನಲ್ಲಿ ಫೈಜಲನಿಗೆ ವಿಜ್ಞಾನ ಕಲಿಸಿದವರು. ಇನ್ನೂರೈವತ್ತು ವರ್ಷದ ಹಿಂದೆ ಮೆಸ್ಸಿಯೇ ಎಂಬ ಫ್ರೆಂಚ್ ಖಗೋಳಜ್ಞ ಧೂಮಕೇತು ಹುಡುಕುತ್ತ, ತನ್ನನ್ನು ಮೋಸಗೊಳಿಸಿದ ಮಸುಕು ಕಲೆಗಳನ್ನೆಲ್ಲ ಪಟ್ಟಿ ಮಾಡಿದ್ದ: ಇವು ಧೂಮಕೇತುವಲ್ಲ. ಆಮೇಲಿನವರು ಸೇರಿಸಿ ಅದು ನೂರಾ ಹತ್ತಾಗಿತ್ತು. ಮಾಸ್ತರರು ಅರಕೇರಿಯ ಹೊಲದಲ್ಲಿ ಮೂವತ್ತು ವರ್ಷ ನಿಂತು ತೊಂಬತ್ತನ್ನು ನೋಡಿದ್ದರು. ಯಾವಾಗ ಬೇಕಾದರೂ ನೋಡಬಹುದೆಂದು ಸುಲಭದ ಇಪ್ಪತ್ತನ್ನು ಉಳಿಸಿದ್ದರು. ಅಷ್ಟರಲ್ಲಿ ಅವರ ಕಣ್ಣಿಗೆ ಪೊರೆ ಬಂತು. ಆ ಇಪ್ಪತ್ತನ್ನು ಮುಗಿಸಿಕೊಡುತ್ತೇನೆಂದು ಫೈಜಲ ಎರಡನ್ನೂ ಕೇಳಿ ತಂದಿದ್ದ.

ನೋಟುಬುಕ್ಕಿನಲ್ಲಿ ಪ್ರತಿ ಸಾಲಿಗೂ ಎರಡು ಸಹಿ. ಕಂಡವರದು ಒಂದು, ಸಾಕ್ಷಿಯದು ಒಂದು. ಒಬ್ಬರ ಕಣ್ಣನ್ನು ನಂಬಬಾರದು ಎಂಬುದು ಮಾಸ್ತರರ ನಿಯಮ. ಇಪ್ಪತ್ತರಲ್ಲಿ ಹದಿಮೂರಕ್ಕೆ ಅಂಗಡಿಯ ಪಾಲುದಾರ ಅಕೀಬ ಸಾಕ್ಷಿ. ಏಳಕ್ಕೆ ನಾಜಿಯಾ. ಆ ಏಳರಲ್ಲಿ ಒಂದನ್ನೂ ಅವಳು ನೋಡಿರಲಿಲ್ಲ. ಫೈಜಲ ಮಾಳಿಗೆಯಿಂದ ಕರೆಯುತ್ತಿದ್ದ. ಅವಳ ಕೈ ಹಿಟ್ಟಾಗಿರುತ್ತಿತ್ತು, ಇಲ್ಲವೆ ತಿದ್ದಬೇಕಾದ ಕಾಲೇಜಿನ ಪೇಪರುಗಳು ಮುಂದಿರುತ್ತಿದ್ದವು. ಕಡೆಗೆ ಅವನೇ ನೋಟುಬುಕ್ಕು ಅಡುಗೆಮನೆಗೆ ತರುತ್ತಿದ್ದ. ನೋಡಿದೆ ಎಂದು ಹೇಳಿ ಅವಳು ಸಹಿ ಹಾಕುತ್ತಿದ್ದಳು. ಕಡೆಯದು ಪಟ್ಟಿಯ ನಲವತ್ತೈದನೆಯದು, ಕೃತ್ತಿಕೆ. ಆ ಸಹಿಯ ಮೇಲೆ ಈಗಲೂ ಅರಿಶಿನದ ಬೆರಳ ಗುರುತಿತ್ತು.

ಟಾಕಿ ತುಂಬಿ ಹರಿಯಿತು. ಪಕ್ಕದ ಮನೆಯ ಸಿದ್ದರಾಯ, ಸಾವಾದ ಮನೆಗೆ ಕೂಗಿ ಹೇಳಬೇಕೋ ಬೇಡವೋ ತಿಳಿಯದೆ, ಗೋಡೆಯಾಚೆ ನಿಂತು ಎರಡು ಸಲ ಕೆಮ್ಮಿದ.

ಕೆಳಗೆ ತಂದ ಪೆಟ್ಟಿಗೆ ನೋಡಿದ ಮಾಶಾಬಿ ಅದನ್ನು ಇವತ್ತೇ ತಿಕೋಟಾಕ್ಕೆ ಕಳಿಸೋಣ ಎಂದಳು. ಸತ್ತವನ ಹತ್ತಿರ ಮಂದಿಯ ಅಮಾನತು, ನಂಬಿ ಕೊಟ್ಟ ವಸ್ತು, ಉಳಿಯಬಾರದು. ಮಣ್ಣಿನಲ್ಲಿ ಅವನಿಗೆ ಭಾರವಾಗುತ್ತದೆ. ನಾಜಿಯಾ ಪೆಟ್ಟಿಗೆಯ ಮೇಲೆ ಕೈಯಿಟ್ಟು ನಿಂತಳು. ಏಳು ಸುಳ್ಳು ಸಹಿ ಸೇರಿಸಿ ಹಿಂತಿರುಗಿಸಿದರೆ ಭಾರ ಹೇಗೆ ಇಳಿದೀತು ಎಂದು ಕೇಳಿ, ನಡೆದದ್ದನ್ನೆಲ್ಲ ಹೇಳಿದಳು.

ಮಾಶಾಬಿ ಬಬಲೇಶ್ವರದ ಒಕ್ಕಲು ಮನೆಯವಳು. ಮನೆಯ ಉರ್ದು ಬಿಟ್ಟು ಅವಳು ತವರಿನ ಕನ್ನಡಕ್ಕೆ ಬಂದಳೆಂದರೆ ನಗೆ ಬರುತ್ತಿದೆ ಎಂದರ್ಥ.

"ಏಳ ಸುಳ್ಳಿಗಿ ಹಿಂಗ ಮಾರಿ ಸಣ್ಣ ಮಾಡೀಯೇನ? ನಾ ಫೈಜಲನ ಅಪ್ಪನ ಮುಂದ ದಿನಾ ಏಳ ಹೇಳತಿದ್ನಿ."

ಆರು ದಿನದಲ್ಲಿ ಆ ಮನೆಯಲ್ಲಿ ಮೊದಲ ನಗೆ ಅದು. ನಕ್ಕವಳೇ ಬೆಚ್ಚಿ ಬಾಯಿಗೆ ಸೆರಗು ಹಿಡಿದಳು.

ನಾಜಿಯಾಗೆ ವಿಧವೆಯ ಇದ್ದತ್ ಇತ್ತು. ನಾಲ್ಕು ತಿಂಗಳು ಹತ್ತು ದಿನ ಗಂಡನ ಮನೆ ಬಿಟ್ಟು ಹೊರಗೆ ಹೋಗುವಂತಿಲ್ಲ. ಅಷ್ಟರೊಳಗೆ ಏಳನ್ನೂ ನಿಜವಾಗಿ ನೋಡಿ, ತಾನೇ ಒಯ್ದು ಕೊಡುತ್ತೇನೆ ಎಂದಳು. ಮಾಳಿಗೆ ಹತ್ತಬಹುದೇ ಎಂದು ಮಾತ್ರ ಅಳುಕು. ಮಾಶಾಬಿ ಯಾರನ್ನೂ ಕೇಳಲು ಹೋಗಲಿಲ್ಲ.

"ಮಾಳಿಗಿ ನಮ್ಮ ಮನಿದ ಐತಿ. ಅದರ ಮ್ಯಾಲಿಂದೂ ನಮ್ಮದ."

ಮೇ ತಿಂಗಳಲ್ಲಿ, ಸಂಜೆಯ ನಮಾಜು ಮುಗಿದ ಮೇಲೆ, ನಾಜಿಯಾ ಮೊದಲ ಸಲ ದುರ್ಬೀನು ಎತ್ತಿದಳು. ಎರಡು ವೃತ್ತ ಕಂಡವು. ಒಂದಾಗಲಿಲ್ಲ. ಎರಡು ಕೊಳವೆ ಸೇರುವ ಕೀಲಿನ ಮೇಲೆ ಅಂಕಿಗಳಿದ್ದವು. ಮುಳ್ಳು ಅರವತ್ತಾರರ ಮೇಲಿತ್ತು. ಅದು ಫೈಜಲನ ಎರಡು ಕಣ್ಣುಗಳ ನಡುವಿನ ಅಂತರ. ಮದುವೆಯಾದ ವಾರದಲ್ಲೇ ಅವನು ಮೂಗಿನ ಮೇಲೆ ಅಂಗಡಿಯ ಸ್ಕೇಲು ಇಟ್ಟು ಅವಳದನ್ನೂ ಅಳೆದಿದ್ದ: ಐವತ್ತೆಂಟು. ಎಂಟು ಮಿಲಿಮೀಟರಿನಲ್ಲಿ ಸಂಸಾರ ಮಾಡಬೇಕು ಎಂದಿದ್ದ.

ಕೊಳವೆಗಳನ್ನು ಹತ್ತಿರ ತರಲು ಅವಳು ಕೀಲು ಮುಟ್ಟಲಿಲ್ಲ. ಒಂದು ಕಣ್ಣು ಮುಚ್ಚಿ ನೋಡಿದಳು.

ಪಟ್ಟಿಯ ನಲವತ್ತನಾಲ್ಕನೆಯದು ಹಾಗೆ ಕಂಡಿತು. ಯಾರೋ ಮೊರ ಕೊಡವಿದಂತೆ ಸಣ್ಣ ಕಾಳುಗಳು. ಹಳೆಯ ಸಹಿಯ ಕೆಳಗೆ ಅವತ್ತಿನ ತಾರೀಖು ಬರೆದು, "ಈಗ ಕಂಡೆ" ಎಂದು ಸೇರಿಸಿದಳು. ಜೂನ್ ಪೂರ್ತಿ ಮೋಡ. ಒಂದು ಸಂಜೆ ಮೋಡ ಒಡೆದಾಗ ಅತ್ತೆ ಸೊಸೆ ರೊಟ್ಟಿ ಹಂಚಿನ ಮೇಲೇ ಬಿಟ್ಟು ಓಡಿದರು. ಪಟ್ಟಿಯ ಏಳನೆಯದು, ಆರನೆಯದು ಸಿಕ್ಕವು. ರೊಟ್ಟಿ ಕರಿದಾಯಿತು. ಮಾಶಾಬಿ ಅದನ್ನು ಸಿದ್ದರಾಯನ ಎಮ್ಮೆಗೆ ಹಾಕಿಸಿ, ಇದು ಚುಕ್ಕಿ ನೋಡಿದ ರೊಟ್ಟಿ ಎಂದು ಹೇಳಿ ಕಳಿಸಿದಳು. ಜುಲೈ ಮುಗಿಯುವಷ್ಟರಲ್ಲಿ ಆರು ಸಾಲು ನಿಜವಾಗಿದ್ದವು. ಉಳಿದದ್ದು ನಲವತ್ತೈದು. ಅದೀಗ ನಸುಕಿಗೆ ಮಾತ್ರ ಮೇಲಿರುತ್ತಿತ್ತು, ನಸುಕಿಗೆ ದಿನವೂ ಮೋಡ. ಇದ್ದತ್ ಮುಗಿಯಲು ಒಂಬತ್ತು ದಿನ ಉಳಿದಿತ್ತು.

ಆ ಒಂಬತ್ತರಲ್ಲಿ ಎಂಟನೆಯ ದಿನ, ಎಂಟು ತಾಸು ಸುರಿದ ಮಳೆ ನಿಂತ ಮೇಲೆ, ನಸುಕಿನ ನಮಾಜಿನ ಬಾಂಗು ಕೂಗುವ ಮುಂಚೆ ಮಾಶಾಬಿ ಅವಳನ್ನು ಎಬ್ಬಿಸಿದಳು. ಆಕಾಶ ತೊಳೆದ ಹಂಚಿನ ಹಾಗಿತ್ತು. ನಾಜಿಯಾ ಎಡಗಣ್ಣು ಮುಚ್ಚಿದಳು. ಮಾಶಾಬಿ ಅವತ್ತು ಸುಮ್ಮನಿರಲಿಲ್ಲ. ನಾನೂ ನೋಡುತ್ತೇನೆ ಎಂದು ಕೈಯಿಂದ ಕಸಿದುಕೊಂಡಳು. ಬಹಳ ಹೊತ್ತು ಕೊಡಲಿಲ್ಲ.

"ಒಂಬತ್ತ ಅದಾವ" ಎಂದಳು. "ಎಷ್ಟ ಚಂದ ಕೂತಾವ ನೋಡ. ಒಂದ ಗುಂಡಗಿ ತಾಟಿನ್ಯಾಗ."

"ನಿಮಗ ಒಂದ ತಾಟ ಕಾಣತೈತೇನ್ರಿ ಅಮ್ಮಾ?"

"ಮತ್ತ ಎಷ್ಟ ಕಾಣಬೇಕ?"

"ನನಗ ಎರಡ ಕಾಣತಾವ್ರಿ. ಅದಕ್ಕ ಒಂದ ಕಣ್ಣ ಮುಚ್ಚತೇನಿ. ಇದು ಅವರ ಅಳತಿಗಿ ಐತ್ರಿ."

ಮಾಶಾಬಿ ದುರ್ಬೀನು ಇಳಿಸಿದಳು. ಅಗಲ ಮುಖ, ದೂರ ದೂರ ಕೂತ ಕಣ್ಣು. ನಾಜಿಯಾ ಅದನ್ನು ಹೊಸದಾಗಿ ನೋಡುವಂತೆ ನೋಡಿದಳು.

"ಅವನ ಅಳತಿ ನನ್ನ ಮಾರಿ ಮ್ಯಾಲ ಐತಿ. ಎಲ್ಲಿ ಹೋಗತೈತಿ? ನೀ ನಿನ್ನ ಕಣ್ಣಿಗಿ ಮಾಡ್ಕೋ."

ಕೀಲು ಬಿಗಿಯಾಗಿತ್ತು. ನಾಜಿಯಾ ಎರಡೂ ಕೈಯಿಂದ ಒತ್ತಿದಳು. ಅರವತ್ತನಾಲ್ಕು, ಅರವತ್ತು, ಐವತ್ತೆಂಟು. ಕಣ್ಣಿಗಿಟ್ಟಳು. ಎರಡು ವೃತ್ತ ಜಾರಿ ಒಂದಾದವು. ನಡುವೆ ನೀಲಿ ಚುಕ್ಕೆಗಳು, ಅವುಗಳ ಸುತ್ತ ಸಣ್ಣವು, ಅವುಗಳ ಹಿಂದೆ ಇನ್ನೂ ಸಣ್ಣವು. ಹದಿನೇಳರವರೆಗೆ ಎಣಿಸಿ ಲೆಕ್ಕ ತಪ್ಪಿದಳು. ಅವಳಿಗೆ ನಗೆ ಬಂತು. ತಡೆಯಲಿಲ್ಲ. ಮೂವತ್ತು ಎಂದಳು, ನಲವತ್ತು ಎಂದಳು. ನನ್ನ ಒಂಬತ್ತು ಅದರಲ್ಲಿ ಅವೆಯೋ ಇಲ್ಲವೋ ಎಂದು ಮಾಶಾಬಿ ಜಗಳಕ್ಕೆ ಬಂದಳು. ಬಾಂಗು ಆದಾಗ ಇಬ್ಬರೂ ಇನ್ನೂ ಮೇಲೇ ಇದ್ದರು. ನಲವತ್ತೈದನೇ ಸಾಲಿನಲ್ಲಿ, ಅರಿಶಿನದ ಕಲೆಯ ಕೆಳಗೆ, ಮಾಶಾಬಿಯ ಹೆಬ್ಬೆಟ್ಟೂ ಬಿತ್ತು.

ಇದ್ದತ್ ಮುಗಿದ ಮರುದಿನ ಅವರಿಬ್ಬರೂ ತಿಕೋಟಾದ ಬಸ್ಸು ಹತ್ತಿದರು. ನಾಜಿಯಾ ಪೆಟ್ಟಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ದಾರಿಯುದ್ದಕ್ಕೂ ದ್ರಾಕ್ಷಿ ಪಡಗಳನ್ನು ನೋಡಿದಳು.

ವೇದವ್ಯಾಸ ಮಾಸ್ತರರು ಪೊರೆ ತೆಗೆಸಿಕೊಂಡು ಹಸಿರು ಚಸ್ಮಾ ಹಾಕಿದ್ದರು. ಅವರ ಹೆಂಡತಿ ಸಖೂಬಾಯಿ ಚಹಾ ತಂದು ಮಾಶಾಬಿಯನ್ನು ಒಳಗೆ ಕರೆದೊಯ್ದಳು. ಮಾಸ್ತರರು ನೋಟುಬುಕ್ಕಿನ ಒಂದೊಂದೇ ಹಾಳೆ ತಿರುವಿ, ಎರಡೆರಡು ತಾರೀಖಿನ ಸಾಲುಗಳ ಮೇಲೆ ಬೆರಳು ನಿಲ್ಲಿಸಿದರು. ಮೊದಲು ನೋಡದೇ ಸಹಿ ಹಾಕಿದ್ದೆ ಎಂದು ನಾಜಿಯಾ ಹೇಳಿದಳು. ಅವರು ತಲೆಯೆತ್ತದೆ ಮುಂದಿನ ಹಾಳೆ ತಿರುವಿದರು.

"ನೂರಾ ಎರಡನೇದು ನೋಡ್ರಿ. ಹಿಂದಿನವರ ಪಟ್ಟಿಯಾಗ ಅದೊಂದ ಗೊಂದಲ. ಅದು ಯಾವದು, ಇವತ್ತಿಗೂ ವಾದ ಮುಗಿದಿಲ್ಲ. ನಾ ಅದಕ್ಕೂ ಸಹಿ ಮಾಡೇನಿ. ಸಾಕ್ಷಿಗಿ ಇಕೀದು ಹಾಕಿಸೇನಿ."

ಒಳಗಿನಿಂದ ಸಖೂಬಾಯಿ, ತಾನು ಆಗ ಮಲಗಿದ್ದೆ ಎಂದಳು.

ಮಾಸ್ತರರು ಚಸ್ಮಾ ತೆಗೆದು ದುರ್ಬೀನು ಎತ್ತಿಕೊಂಡರು. ಅಂಗಳದಾಚೆ ತಂತಿಯ ಮೇಲೆ ಗಿಳಿಗಳು ಕೂತಿದ್ದವು. ಅತ್ತ ಹಿಡಿದು, ಇಳಿಸಿ, ಕೀಲಿನ ಅಂಕಿ ನೋಡಿದರು.

"ಅವನದು ಅಗಲ ಮಾರಿ. ಇದು ಅವನ ಅಳತಿ ಅಲ್ಲ."

"ನಂದ್ರಿ ಸರ್."

ಅವರ ಹೆಬ್ಬೆರಳು ಕೀಲಿನ ಮೇಲೆ ಸ್ವಲ್ಪ ಹೊತ್ತು ಇತ್ತು. ಆಮೇಲೆ ಅದನ್ನು ತೆಗೆದರು. ಒಂದು ಕಣ್ಣು ಮುಚ್ಚಿಕೊಂಡು, ಗಿಳಿಗಳನ್ನು ನೋಡತೊಡಗಿದರು.