ಬರೀ ಜಿಗಣೆ

ಭೂಮಿಯ ಮೇಲೆ ನನ್ನಷ್ಟು ಜಿಗಣೆ ಸಾಕಿದ ಮನುಷ್ಯ ಇನ್ನೊಬ್ಬನಿಲ್ಲ. ಇದನ್ನು ವಿನಯದಿಂದಲೇ ಹೇಳುತ್ತಿದ್ದೇನೆ. ಜಂಬದಿಂದ ಹೇಳುವುದಾಗಿದ್ದರೆ ಚಂದ್ರನನ್ನೂ ಸೇರಿಸುತ್ತಿದ್ದೆ.

ಆಸ್ಪತ್ರೆಯ ನೆಲಮಾಳಿಗೆಯಲ್ಲಿ, ಬಟ್ಟೆ ಒಗೆಯುವ ಕೋಣೆಯ ಪಕ್ಕದಲ್ಲಿ, ಕಿಟಕಿಯೇ ಇಲ್ಲದ ಒಂದು ತಣ್ಣನೆಯ ಕೋಣೆಯಿದೆ. ಅಲ್ಲಿ ಸಾಲಾಗಿ ಗಾಜಿನ ತೊಟ್ಟಿಗಳು, ತೊಟ್ಟಿಗಳ ಬಾಯಿಗೆ ಬಿಗಿದ ಬಟ್ಟೆ, ಒಳಗೆ ನನ್ನ ಮಕ್ಕಳು. ಹದಿನೆಂಟು ವರ್ಷದಿಂದ ಅವಕ್ಕೆ ನೀರು ಬದಲಿಸುತ್ತಿದ್ದೇನೆ. ಬೆರಳು ತುಂಡಾಗಿ ಬಂದವರಿಗೆ ಮೇಲಿನ ಮಹಡಿಯ ಡಾಕ್ಟರು ಬೆರಳನ್ನು ಮತ್ತೆ ಹೊಲಿದು ಕೂರಿಸುತ್ತಾರೆ. ಹೊಲಿದ ಬೆರಳೊಳಕ್ಕೆ ರಕ್ತ ಹೋಗುತ್ತದೆ, ವಾಪಸ್ ಬರಲು ದಾರಿ ಇನ್ನೂ ಆಗಿರುವುದಿಲ್ಲ. ಬೆರಳು ಊದಿ ಬದನೆಕಾಯಿ ಬಣ್ಣಕ್ಕೆ ತಿರುಗುತ್ತದೆ. ಆಗ ನೆಲಮಾಳಿಗೆಗೆ ಫೋನು. ನನ್ನ ಜಿಗಣೆ ಹೋಗಿ ಕೂತು, ನಿಂತ ರಕ್ತ ಹೀರಿ, ಹೊಟ್ಟೆ ತುಂಬಿದ ಮೇಲೆ ತಾನಾಗಿ ಉದುರುತ್ತದೆ. ಹೀಗೆ ನಾನು ಉಳಿಸಿದ ಬೆರಳುಗಳನ್ನು ಒಂದರ ಹಿಂದೆ ಒಂದಿಟ್ಟರೆ ಇಲ್ಲಿಂದ ಸಮುದ್ರದವರೆಗೆ ಹೋಗಿ, ಉಳಿದವು ನೀರಿಗೆ ಬೀಳುತ್ತವೆ.

ಮೇಲಿನವರು ನನ್ನನ್ನು ಕರೆಯುವುದು ಬುರುಡೆ ಅಂತ. ತಲೆಬುರುಡೆಯಲ್ಲ, ಬಿಡುವ ಬುರುಡೆ. ನಾನು ಏನು ಹೇಳಿದರೂ ಹತ್ತರಿಂದ ಭಾಗಿಸಿ ಕೇಳಿಸಿಕೊಳ್ಳುವುದು ಅವರ ರೂಢಿ. ನನ್ನದೂ ಒಂದು ರೂಢಿಯಿತ್ತು. ಜಿಗಣೆ ಮೇಲೆ ಕಳಿಸುವ ಬಾಟಲಿಗೆ ಅಂಟಿಸುವ ಚೀಟಿಯಲ್ಲಿ ಏನು, ಎಷ್ಟು, ಯಾವ ತೊಟ್ಟಿಯದು ಅಂತ ಬರೆಯಬೇಕೆಂಬುದು ನಿಯಮ. ನಾನು ಬರೆಯುತ್ತಿದ್ದದ್ದು ಒಂದೇ ಪದ: ಜಿಗಣೆ. ಅದರ ಮುಂದೆ 'ಒಂದು' ಇಲ್ಲ, 'ಆ' ಇಲ್ಲ, 'ಈ' ಇಲ್ಲ, ಮೈಮೇಲೆ ಬಟ್ಟೆಯಿಲ್ಲದ ಹಾಗೆ ಬರೀ ಜಿಗಣೆ. ಹುಲಿಯ ಬೋನಿನ ಮೇಲೆ 'ಹುಲಿ' ಅಂತ ಬರೆದರೆ ಸಾಲದಾ? ಒಳಗೆ ಒಂದಿದೆಯೋ ಎರಡಿದೆಯೋ ಅಂತ ಕೈ ಹಾಕಿ ಎಣಿಸುವವನ ಕೈ ಉಳಿಯುತ್ತದಾ? ಮೊದಮೊದಲು ವಾರ್ಡಿನ ಸಿಸ್ಟರ್ ಫೋನು ಮಾಡಿ "ಎಷ್ಟು ಕಳಿಸಿದೀಯ" ಅಂತ ಕೇಳುತ್ತಿದ್ದರು. "ಒಂದು ದಂಡು" ಅಂತಲೋ "ನಿಮ್ಮ ವಾರ್ಡನ್ನೇ ಕುಡಿದು ಮುಗಿಸೋವಷ್ಟು" ಅಂತಲೋ ಹೇಳುತ್ತಿದ್ದೆ. ಕೇಳಿ ಕೇಳಿ ಸಾಕಾಗಿ ಬಿಟ್ಟರು. ಡಾಕ್ಟರು ಎಷ್ಟು ಬರೆದಿದ್ದಾರೋ ಅಷ್ಟೇ ಬಂದಿದೆ ಅಂತ ಅವರ ಲೆಕ್ಕ. ಹದಿನೆಂಟು ವರ್ಷ ಆ ಲೆಕ್ಕ ತಪ್ಪಲಿಲ್ಲ.

ತಪ್ಪಿದ್ದು ನಮ್ಮ ಭಾವನ ವಿಷಯದಲ್ಲಿ.

ಭಾವ ಬಡಗಿ. ನಗುತ್ತಾ ಕೆಲಸ ಮಾಡುವ ಆಸಾಮಿ. ಹಾಗೆ ನಗುತ್ತಿರುವಾಗಲೇ ಯಂತ್ರದ ಗರಗಸ ಬಲಗೈಯ ತೋರುಬೆರಳನ್ನು ಬುಡಕ್ಕೇ ತೆಗೆದುಕೊಂಡು ಹೋಯಿತು. ಅಕ್ಕ ಬೆರಳನ್ನು ಒದ್ದೆ ಬಟ್ಟೆಯಲ್ಲಿ ಸುತ್ತಿ, ಮಂಜುಗಡ್ಡೆಯ ನಡುವೆ ಇಟ್ಟು, ಗಂಡನನ್ನೂ ಬೆರಳನ್ನೂ ಒಟ್ಟಿಗೆ ತಂದಳು. ಡಾಕ್ಟರು ಒಂಬತ್ತು ಗಂಟೆ ಕೂತು ಹೊಲಿದರು. ಮೂರನೆಯ ದಿನ ಬೆಳಗ್ಗೆ ಆರಕ್ಕೆ ಚೀಟಿ ಬಂತು: ಎರಡು. ಹನ್ನೊಂದಕ್ಕೆ ಮತ್ತೆ ಆಪರೇಷನ್ ಇತ್ತು. ಪೂರ್ತಿ ಪ್ರಜ್ಞೆ ತಪ್ಪಿಸಿ, ಗಂಟಲಿಗೆ ನಳಿಕೆ ಇಳಿಸಿ, ಬೆರಳಿನ ಬುಡಕ್ಕೆ ತೊಡೆಯ ಚರ್ಮ ಹಚ್ಚುವುದು.

ಬಾಟಲಿಗೆ ಎರಡು ಹಾಕಿದೆ. ಆಮೇಲೆ ನನ್ನ ಬುದ್ಧಿ ನೋಡಿ. ನಮ್ಮ ಭಾವನಿಗೆ ಬರೀ ಎರಡಾ? ಮೂಲೆಯ ತೊಟ್ಟಿಯಲ್ಲಿ ಆರು ತಿಂಗಳಿಂದ ಉಪವಾಸವಿದ್ದ ಒಂದು ಸಣ್ಣದಿತ್ತು. ಹಸಿದು ಹಸಿದು ದಾರದ ಹಾಗಾಗಿತ್ತು. ಅದನ್ನೂ ಹಾಕಿದೆ. ಚೀಟಿ ಬರೆದೆ: ಜಿಗಣೆ.

ಎಂಟಕ್ಕೆ ಬಾಟಲಿ ವಾಪಸ್ ತರಲು ಮೇಲೆ ಹೋದೆ. ಅಕ್ಕ ಮಂಚದ ಪಕ್ಕ ಸ್ಟೂಲಿನ ಮೇಲೆ ಕೂತಿದ್ದಳು. ಭಾವನ ಕೈ ದಿಂಬಿನ ಮೇಲಿತ್ತು, ಬೆರಳು ಗುಲಾಬಿಗೆ ತಿರುಗಿತ್ತು.

"ಬಂದ್ಯಾ ಬುರುಡೆ," ಅಂದ ಭಾವ. "ನಿನ್ನ ಮಕ್ಕಳು ಊಟ ಮಾಡ್ಕೊಂಡು ಹೋದ್ವು. ತಟ್ಟೆ ತೊಳೆಯೋಕೆ ಬಂದ್ಯಾ?"

ಕಿಟಕಿಯ ಹತ್ತಿರ ಸಿಸ್ಟರ್ ಸ್ಪಿರಿಟ್ಟಿನ ಡಬ್ಬಿ ಮುಚ್ಚುತ್ತಿದ್ದರು. ಹೊಟ್ಟೆ ತುಂಬಿದ ಜಿಗಣೆಯನ್ನು ಅದರಲ್ಲಿ ಮುಳುಗಿಸಬೇಕು. ಇಣುಕಿದೆ. ದ್ರಾಕ್ಷಿಯಷ್ಟು ದಪ್ಪಗಾಗಿ ಎರಡು ಬಿದ್ದಿದ್ದವು.

"ಎರಡೂ ಸರಿಯಾಗಿ ಕಚ್ಚಿದ್ವು," ಅಂದರು ಸಿಸ್ಟರ್. "ಲೆಕ್ಕ ಮುಗೀತು."

ನಾನು ಬಾಟಲಿಯನ್ನು ಎತ್ತಿಕೊಂಡೆ. ಅದು ದಿಂಬಿನ ಪಕ್ಕದ ಮೇಜಿನ ಮೇಲೇ ಇತ್ತು. ಒಳಗೆ ನೀರು ಮಾತ್ರ. ಬಾಯಿಗೆ ಕಟ್ಟಿದ್ದ ಬಟ್ಟೆಯನ್ನು ಒಂದು ಕಡೆ ಸಡಿಲಿಸಿ ಹಾಗೇ ಬಿಟ್ಟಿದ್ದರು. ಬಟ್ಟೆಯ ಅಂಚು ಹೊರಗಿನಿಂದಲೂ ಒದ್ದೆಯಾಗಿತ್ತು.

ಮೂರನೆಯದು ಎಲ್ಲೂ ಇಲ್ಲ.

ಹುಲಿಗೆ ಹೆದರುವವರು ದಡ್ಡರು. ಹುಲಿಗೆ ಕೀಲಿದೆ. ಕೀಲಿರುವ ಪ್ರಾಣಿ ಎಲ್ಲಾದರೂ ಒಂದು ಕಡೆ ಮಡಿಸಿಕೊಳ್ಳಲೇಬೇಕು. ಬಾಗಿಲಿಗೆ ಮೊಣಕೈ ತಗಲುತ್ತದೆ, ಮಂಡಿ ಲಟಕ್ ಅನ್ನುತ್ತದೆ, ಬರುವುದು ಗೊತ್ತಾಗುತ್ತದೆ. ಜಿಗಣೆಗೆ ಮೂಳೆಯಿಲ್ಲ, ಕೀಲಿಲ್ಲ, ತಗಲಲು ಏನೂ ಇಲ್ಲ. ಹಿಂದಿನ ತುದಿ ಅಂಟಿಸುತ್ತದೆ, ಮೈಯನ್ನು ನೂಲಿನ ಹಾಗೆ ಎಳೆಯುತ್ತದೆ, ಮುಂದಿನ ತುದಿ ಅಂಟಿಸುತ್ತದೆ. ಕಚ್ಚುವುದೂ ಗೊತ್ತಾಗದ ಹಾಗೆ ಕಚ್ಚುತ್ತದೆ. ಬೆಚ್ಚಗೆ, ಒದ್ದೆಯಾಗಿ, ಕತ್ತಲಾಗಿ ಇರುವ ಸಂದಿ ಕಂಡರೆ ಅದಕ್ಕೆ ಅದೇ ಮನೆ. ನಮ್ಮ ಭಾವ ಬಾಯಿ ತೆರೆದು ಮಲಗುವವನು.

ಮಂಚದ ಕೆಳಗೆ ನುಗ್ಗಿದೆ. ಹೊದಿಕೆ ಕೊಡವಿದೆ, ಮಂಚದ ಕಾಲು, ಮೇಜಿನ ಅಡಿ, ಕಸದ ಬುಟ್ಟಿ, ಭಾವನ ಚಪ್ಪಲಿ, ಏನನ್ನೂ ಬಿಡಲಿಲ್ಲ.

"ಏನೋ ಅದು, ಇಲಿ ಹಾಗೆ ತೆವಳ್ತಿದೀಯ?" ಅಂದಳು ಅಕ್ಕ.

"ಪೆನ್ನು ಬಿತ್ತು."

"ಎಷ್ಟು ಸಾವಿರದ ಪೆನ್ನು?" ಅಂದ ಭಾವ. ಅಂದು, ಮೂಗುಜ್ಜಿಕೊಂಡ. "ಎಡಗಡೆ ಮೂಗು ಕಟ್ಟಿದೆ ಕಣೋ. ಬೆಳಗ್ಗೆಯಿಂದ ಒಳಗೆ ಏನೋ ಕಚಗುಳಿ. ಇಲ್ಲಿನ ತಣ್ಣನೆ ಗಾಳಿಗೆ ಶೀತ ಆಯ್ತು ಅಂತ ಕಾಣುತ್ತೆ."

ದಿಂಬಿನ ಮೇಲೆ, ಅವನ ಎಡಗೆನ್ನೆ ಇದ್ದ ಜಾಗದಲ್ಲಿ, ಸಾಸಿವೆಯಷ್ಟು ಒಂದು ರಕ್ತದ ಚುಕ್ಕೆ.

ಆ ಚುಕ್ಕೆಯನ್ನು ನಾನು ಎಷ್ಟು ಹೊತ್ತು ನೋಡಿದೆನೋ, ನನ್ನ ಪಾಲಿಗೆ ಒಂದು ವರ್ಷ. ಹೇಳಿದರೆ ಕೆಲಸ ಹೋಗುತ್ತದೆ. ಕೇಳದೆ ಒಂದನ್ನು ಹೆಚ್ಚಿಗೆ ಹಾಕಿದವನನ್ನು, ಚೀಟಿಯಲ್ಲಿ ಬರೆಯದವನನ್ನು, ಯಾರು ಇಟ್ಟುಕೊಳ್ಳುತ್ತಾರೆ? ಹೇಳದಿದ್ದರೆ ಹನ್ನೊಂದಕ್ಕೆ ಭಾವನನ್ನು ಮಲಗಿಸಿ ಗಂಟಲಿಗೆ ನಳಿಕೆ ತೂರಿಸುತ್ತಾರೆ. ಆ ಜಿಗಣೆ ಮೂಗಿನ ಹಿಂದಿನಿಂದ ಕೆಳಗೆ ಜಾರುತ್ತದೆ. ಒಂದೇ ಊಟಕ್ಕೆ ತನ್ನ ಐದರಷ್ಟು ಉಬ್ಬುವ ಪ್ರಾಣಿ ಉಸಿರಿನ ದಾರಿಯಲ್ಲಿ ಕೂತು ಉಬ್ಬುತ್ತದೆ. ಮತ್ತಿನಲ್ಲಿರುವವನು ಕೆಮ್ಮುವುದೂ ಇಲ್ಲ.

ಸಿಸ್ಟರ್ ಹತ್ತಿರ ಹೋಗಿ ಹೇಳಿದೆ. "ಸಿಸ್ಟರ್, ನಾನು ಕಳಿಸಿದ್ದು ಮೂರು."

ಅವರು ಕೈ ತೊಳೆಯುವುದನ್ನು ನಿಲ್ಲಿಸಲೂ ಇಲ್ಲ. "ಮೂರಾ? ಹಂಗಾದ್ರೆ ಕಾಲು ಜಿಗಣೆ ಅಂತ ಇಟ್ಕೋತೀನಿ."

"ನಿಜ ಹೇಳ್ತಿದೀನಿ."

"ಹೋದ ತಿಂಗಳು ನಿನ್ನ ತೊಟ್ಟಿಯಿಂದ ಒಂದು ಜಿಗಣೆ ಎದ್ದು ನಿಂತು ನಮಸ್ಕಾರ ಮಾಡ್ತು ಅಂದಿದ್ಯಲ್ಲ, ಅದೂ ನಿಜಾನಾ? ಹೋಗು, ನನಗೆ ಇನ್ನೂ ಆರು ಜನ ಇದಾರೆ."

ಡಾಕ್ಟರು ಬಾಗಿಲಲ್ಲಿ ಸಿಕ್ಕರು. ಅವರಿಗೂ ಹೇಳಿದೆ. ಅವರು ನನ್ನ ಹೆಗಲು ತಟ್ಟಿ, "ಭಾವನ ಆಪರೇಷನ್ ಅಂತ ಗಾಬರಿ ಆಗಿದೀರಿ, ಒಂದು ಲೋಟ ನೀರು ಕುಡೀರಿ" ಅಂದು ಮುಂದಿನ ಮಂಚಕ್ಕೆ ಹೋದರು. ಹಿಂದೆಂದೂ ಯಾರೂ ನನ್ನ ಹತ್ತಿರ ಅಷ್ಟು ಮರ್ಯಾದೆಯಿಂದ ಮಾತಾಡಿರಲಿಲ್ಲ.

ಹತ್ತಾಯಿತು. ಹತ್ತೂಕಾಲಿಗೆ ಗಾಲಿಮಂಚ ಬಂತು. ಇಬ್ಬರು ಸೇರಿ ಭಾವನನ್ನು ಅದರ ಮೇಲೆ ಜರುಗಿಸಿದರು. "ಬರ್ತೀನಿ ಕಣೇ," ಅಂದ ಭಾವ ಅಕ್ಕನಿಗೆ. "ಬುರುಡೆ, ನಾನು ಬರೋವಷ್ಟರಲ್ಲಿ ನಿನ್ನ ಪೆನ್ನು ಹುಡುಕಿಟ್ಟಿರು." ಅಂದವನು ಸೀನಲು ಹೋಗಿ, ಸೀನು ಬಾರದೆ, ಮುಖ ಹಿಂಡಿಕೊಂಡ.

ನಾನು ಅಕ್ಕನ ಕೈ ಹಿಡಿದೆ.

"ಅಕ್ಕಾ, ಮೂರು ಹಾಕಿದ್ದೆ. ಒಂದು ಸಿಕ್ಕಿಲ್ಲ. ಭಾವನ ಮೂಗಲ್ಲಿದೆ."

ಅಕ್ಕ ನನ್ನನ್ನು ನೋಡಿದಳು. ನನ್ನ ಎಲ್ಲ ಸುಳ್ಳೂ ಮೊದಲು ಪರೀಕ್ಷೆಯಾದದ್ದು ಅವಳ ಮೇಲೆಯೇ. ಆರು ವರ್ಷದವನಿದ್ದಾಗ ಮನೆ ಹಿತ್ತಲಲ್ಲಿ ಮೊಸಳೆ ಕಂಡಿದ್ದೇನೆ, ಹತ್ತು ವರ್ಷಕ್ಕೆ ರೈಲನ್ನು ಕಾಲಲ್ಲಿ ನಿಲ್ಲಿಸಿದ್ದೇನೆ. ಆಣೆ ಪ್ರಮಾಣ ಅವಳು ಕೇಳಲಿಲ್ಲ. ನನ್ನ ಆಣೆಗೆ ಎಷ್ಟು ಬೆಲೆ ಅಂತ ಅವಳಿಗೆ ಗೊತ್ತು.

"ಎಷ್ಟುದ್ದ ಇತ್ತೋ?" ಅಂದಳು.

ನಾನು ಕಿರುಬೆರಳು ಎತ್ತಿ, ಅದರ ಅರ್ಧಕ್ಕೆ ಹೆಬ್ಬೆರಳಿಟ್ಟು ತೋರಿಸಿದೆ. "ಇಷ್ಟೇ. ಸಣ್ಣದು."

ಅಕ್ಕ ನನ್ನ ಬೆರಳನ್ನೇ ನೋಡಿದಳು. ಹುಟ್ಟಿದಾಗಿನಿಂದ ನಾನು ತೋಳು ಚಾಚದೆ ಏನನ್ನೂ ಅಳತೆ ತೋರಿಸಿದವನಲ್ಲ. ಅವಳು ಹೋಗಿ ಬಾಗಿಲಿಗೆ ಅಡ್ಡ ನಿಂತಳು. ಗಾಲಿಮಂಚ ಅವಳ ಹೊಟ್ಟೆಗೆ ತಗಲಿ ನಿಂತಿತು.

"ಜರುಗಮ್ಮ," ಅಂದ ತಳ್ಳುವವನು.

"ಇವರ ಮೂಗು ನೋಡಿದ ಮೇಲೆ ಜರುಗ್ತೀನಿ."

ಸಿಸ್ಟರ್ ಬಂದರು, ಡಾಕ್ಟರೂ ಬಂದರು. "ನಿಮ್ಮ ತಮ್ಮನ ಮಾತು ಕಟ್ಕೊಂಡು..." ಅಂತ ಸಿಸ್ಟರ್ ಶುರು ಮಾಡಿದರು. "ಸಣ್ಣದು ಅಂದಿದಾನೆ," ಅಂದಳು ಅಕ್ಕ. "ನಿಮಗೆ ಗೊತ್ತಿಲ್ಲ. ಅವನು ಸಣ್ಣದು ಅಂದಿದಾನೆ." ಡಾಕ್ಟರು ನಿಟ್ಟುಸಿರುಬಿಟ್ಟು, ಬೇಗ ಮುಗಿಸಿಬಿಡೋಣ ಅನ್ನುವ ಹಾಗೆ ಜೇಬಿನಿಂದ ಟಾರ್ಚು ತೆಗೆದು, ಭಾವನ ಎಡಗಡೆ ಹೊಳ್ಳೆಗೆ ಹಿಡಿದರು.

ಹಿಡಿದವರು ಅಲ್ಲಾಡಲಿಲ್ಲ.

"ಮಾತಾಡ್ಬೇಡಿ," ಅಂದರು ಭಾವನಿಗೆ, ಬಹಳ ಮೆಲ್ಲಗೆ. "ಮೂಗು ಎಳೀಬೇಡಿ. ಸೀನ್ಬೇಡಿ. ಬಾಯಲ್ಲಿ ಉಸಿರಾಡಿ." ಆಮೇಲೆ ನನ್ನ ಕಡೆ ತಿರುಗಿ, "ಬೆಳಕು ಬಿದ್ದಿದ್ದೇ ಮೈ ಒಳಗೆ ಎಳ್ಕೊಂಡ್ತು. ಚಿಮಟದಲ್ಲಿ ಹಿಡೀಲಾ?"

ಹದಿನೆಂಟು ವರ್ಷದಲ್ಲಿ ಡಾಕ್ಟರು ನನ್ನನ್ನು ಕೇಳಿದ ಮೊದಲ ಪ್ರಶ್ನೆ. "ಬೇಡ. ಹಿಡಿಯೋಕೆ ಅದರಲ್ಲಿ ಗಂಟಿಲ್ಲ, ಗೆಣ್ಣಿಲ್ಲ. ಜಾರಿದ್ರೆ ಹಿಂದಕ್ಕೆ ಹೋಗುತ್ತೆ. ತಣ್ಣೀರು ಬೇಕು."

ಅಕ್ಕ ಸ್ಟೀಲಿನ ಬಟ್ಟಲಲ್ಲಿ ನೀರು ತಂದಳು. ಭಾವನನ್ನು ಕೂರಿಸಿ ಮುಂದಕ್ಕೆ ಬಾಗಿಸಿದೆವು. ಮೂಗಿನ ತುದಿ ನೀರಿಗೆ ಒಂದು ಕಡ್ಡಿಯಷ್ಟು ಮೇಲೆ. ಭಾವನ ಬೆನ್ನಿನ ಮೇಲೆ ಇಟ್ಟಿದ್ದ ನನ್ನ ಅಂಗೈಗೆ ಅವನ ಎದೆ ಬಡಿತ ತಾಗುತ್ತಿತ್ತು. ಜೀವಮಾನದಲ್ಲಿ ಒಂದು ನಿಮಿಷ ಬಾಯಿ ಮುಚ್ಚಿ ಕೂರದ ಮನುಷ್ಯ ಆ ನೀರಿನಲ್ಲಿ ತನ್ನ ಮುಖವನ್ನೇ ನೋಡುತ್ತಾ ಕೂತ. ಬಾಯಿಂದ ಒಂದು ಎಳೆ ಜೊಲ್ಲು ಇಳಿಯಿತು. ಕಣ್ಣಿಂದ ನೀರು ಇಳಿಯಿತು.

ಐದು ನಿಮಿಷ ಏನೂ ಇಲ್ಲ. ಹತ್ತು ನಿಮಿಷ ಏನೂ ಇಲ್ಲ.

ಆಮೇಲೆ ಹೊಳ್ಳೆಯ ಅಂಚಿನಲ್ಲಿ ಕಪ್ಪಗೆ ಒಂದು ತುದಿ ಕಂಡಿತು. ಅದು ಗಾಳಿಯಲ್ಲಿ ಎಡಕ್ಕೊಂದು ಸಲ, ಬಲಕ್ಕೊಂದು ಸಲ ತಡಕಾಡಿತು, ಕುರುಡರ ಕೈಯ ಹಾಗೆ. ಒಳಗೆ ಹೋಯಿತು. ಅಕ್ಕ ಬಟ್ಟಲನ್ನು ಇನ್ನೊಂದು ಕೈಗೆ ದಾಟಿಸುವಾಗ ನೀರು ಅಲುಗಿತು. ಅಲುಗಿದ ನೀರಿಗೋ ಏನೋ, ತುದಿ ಮತ್ತೆ ಬಂತು. ಈ ಸಲ ಇಳಿಯುತ್ತಲೇ ಹೋಯಿತು. ನನ್ನ ಅರ್ಧ ಕಿರುಬೆರಳಿನ ಪ್ರಾಣಿ ಈಗ ತುಂಬಿ, ಉಬ್ಬಿ, ಹೊಳೆಯುತ್ತಾ ಅಂಗುಲ ಅಂಗುಲವಾಗಿ ಬಂತು. ಅದಕ್ಕೆ ಕೊನೆ ಅಂತ ಒಂದಿದೆಯೋ ಇಲ್ಲವೋ ಅನ್ನಿಸಿತು. ಬಾಯಿ ನೀರಿಗೆ ತಾಗಿತು. ಹಿಂದಿನ ತುದಿ ಬಿಟ್ಟಿತು. ಬಟ್ಟಲ ತಳಕ್ಕೆ ಬಿದ್ದ ಸದ್ದೂ ಆಗಲಿಲ್ಲ.

ಸಿಸ್ಟರ್ ಅದನ್ನು ಎತ್ತಿ ಸ್ಪಿರಿಟ್ಟಿಗೆ ಹಾಕಿ, ಡಬ್ಬಿಯ ಮುಚ್ಚಳ ಒತ್ತಿ ಹಿಡಿದರು. ಭಾವನ ಮೂಗಿಂದ ರಕ್ತ ಸುರಿಯಿತು, ಹತ್ತಿ ಒತ್ತಿದರು. ಡಾಕ್ಟರು ಗಂಟಲು, ಇನ್ನೊಂದು ಹೊಳ್ಳೆ, ಎಲ್ಲಾ ನೋಡಿ, ಕಾಣುವಷ್ಟು ದೂರ ಏನಿಲ್ಲ, ಆಪರೇಷನ್ ಸಂಜೆಗೆ ಅಂದರು. ನನ್ನನ್ನು ಮಧ್ಯಾಹ್ನ ಆಫೀಸಿಗೆ ಬರಲು ಹೇಳಿದರು. ಆ ದನಿಯಲ್ಲಿ ಮರ್ಯಾದೆ ಇರಲಿಲ್ಲ.

ಅವರು ಹೋದ ಮೇಲೆ ಭಾವ ಹತ್ತಿ ಹಿಡಿದುಕೊಂಡೇ ಕೇಳಿದ. "ಇನ್ನೂ ಇದೆಯೇನೋ?"

"ಇಲ್ಲ ಭಾವ. ಮೂರೇ."

"ಮೂರೇ ತಾನೆ?" ಅಂದಳು ಅಕ್ಕ.

"ಮೂರೇ ಅಕ್ಕ."

ಅವಳು ಬಟ್ಟಲ ನೀರು ಚೆಲ್ಲಿ, ಹೊಸ ತಣ್ಣೀರು ಹಿಡಿದು ತಂದು, ಮತ್ತೆ ಗಂಡನ ಮುಖದ ಕೆಳಗೆ ಹಿಡಿದಳು. ನನಗೆ ಸಿಟ್ಟು ಬರಬೇಕಿತ್ತು. ಬರಲಿಲ್ಲ. ನಾನೂ ಒಳಗೊಳಗೇ ಎಣಿಸಲು ಹೋಗಿದ್ದೆ. ಬೆಳಗ್ಗೆ ಆರು ಗಂಟೆ, ಮೂಲೆಯ ತೊಟ್ಟಿ, ನೀರಿನಲ್ಲಿ ನನ್ನ ಕೈ, ಬೆರಳಿಗೆ ಸುತ್ತಿಕೊಂಡ ದಾರದಂಥ ಸಣ್ಣದು. ಸಣ್ಣದು ಅಂತ ನೆನಪಿದೆ. ಒಂದು ಅಂತ ಯಾಕೆ ನೆನಪಾಗುತ್ತಿಲ್ಲ? ಅದರ ಬಾಲಕ್ಕೆ ಇನ್ನೊಂದು ಅಂಟಿತ್ತಾ? ಇದ್ದದ್ದನ್ನು ಇದ್ದ ಹಾಗೆ ತಲೆಯಲ್ಲಿಟ್ಟುಕೊಂಡು ಅಭ್ಯಾಸವೇ ಇಲ್ಲದವನಿಗೆ, ಬೇಕು ಅಂದಾಗ ಅದು ಎಲ್ಲಿಂದ ಸಿಗಬೇಕು?

ಅಕ್ಕನ ಕೈ ಸೋತಾಗ ಬಟ್ಟಲು ನಾನು ತೆಗೆದುಕೊಂಡೆ. ಭಾವ ಕಣ್ಣು ಮುಚ್ಚಿ ಬಾಯಲ್ಲಿ ಉಸಿರಾಡುತ್ತಿದ್ದ. ಪ್ರತಿ ಉಸಿರಿಗೂ ನೀರಿನ ಮೇಲೆ ಒಂದು ಸುಕ್ಕು ಎದ್ದು ಅಂಚಿಗೆ ಹೋಗಿ ಮುಗಿಯುತ್ತಿತ್ತು. ಆಫೀಸಿನಿಂದ ಎರಡು ಸಲ ಕರೆ ಬಂತು. ನಾನು ಕದಲಲಿಲ್ಲ.