ಸೂಲಗಿತ್ತಿಯ ಮಗ

ಚಿತ್ರ ಮುಗಿದು ದೀಪ ಹತ್ತಿದಾಗ ನೂಲಿನ ಕಾರ್ಖಾನೆಯ ಸಭಾಂಗಣದ ಕೊನೆಯ ಸಾಲಿನಲ್ಲಿ ಓಟಕರ್ ಟೋಪಿ ಹಿಂಡುತ್ತ ಕೂತಿದ್ದ. ವೇದಿಕೆಯ ಮೇಲೆ ನಿರ್ದೇಶಕ ಹಾನುಶ್ ಹೂಗುಚ್ಛ ಹಿಡಿದು ನಗುತ್ತಿದ್ದ. ತೆರೆಯ ಮೇಲೆ ಚಿತ್ರಕಥೆ ಎಂಬುದರ ಕೆಳಗೂ ಹಾನುಶ್‌ನ ಹೆಸರೇ ಬಂದಿತ್ತು.

ಅದು ಹಾನುಶ್, ಓಟಕರ್ ಇಬ್ಬರೂ ಒಪ್ಪಿಕೊಂಡದ್ದೇ. ಸೋವಿಯತ್ ಟ್ಯಾಂಕುಗಳು ಪ್ರಾಗ್‌ಗೆ ಬಂದದ್ದು ಸರಿ ಎಂಬ ಸರ್ಕಾರದ ಕಾಗದಕ್ಕೆ ಓಟಕರ್ ಸಹಿ ಹಾಕಿರಲಿಲ್ಲ. ಹನ್ನೊಂದು ಚಿತ್ರಕಥೆ ಬರೆದವನಿಗೆ ಸ್ಟುಡಿಯೋದ ಬಾಗಿಲು ಮುಚ್ಚಿತು. ಆರು ವರ್ಷಗಳಿಂದ ಆಸ್ಪತ್ರೆಯೊಂದರ ಬಾಯ್ಲರಿಗೆ ಕಲ್ಲಿದ್ದಲು ತುಂಬುತ್ತಿದ್ದ. ಮೊರಾವಿಯದ ಹಳ್ಳಿಯಲ್ಲಿ ಸೂಲಗಿತ್ತಿಯಾಗಿದ್ದ ತಾಯಿಯ ಕಥೆ ಬರೆದು, ನಿನ್ನ ಹೆಸರಲ್ಲಾದರೂ ತೆರೆ ಕಾಣಲಿ ಎಂದು ಹಳೆಯ ಗೆಳೆಯನ ಕೈಗೆ ತಾನೇ ಕೊಟ್ಟಿದ್ದ.

ನೂಲುವ ವಿಭಾಗದ ಮುದುಕಿಯೊಬ್ಬಳು ಎದ್ದಳು. ಮಗು ಸತ್ತ ಮನೆಯಿಂದ ಹೊರಬಂದ ಸೂಲಗಿತ್ತಿ ಹಿಮದಲ್ಲಿ ಯಾಕೆ ಕೈ ತೊಳೆಯುತ್ತಾಳೆ ಎಂದು ಕೇಳಿದಳು.

"ನಮ್ಮಜ್ಜಿ ಹಾಗೇ ಮಾಡ್ತಿದ್ಲು," ಎಂದ ಹಾನುಶ್. "ನಮ್ಮ ಕಡೆ ಅದೊಂದು ಶಾಸ್ತ್ರ."

ಹಾನುಶ್ ಹುಟ್ಟಿ ಬೆಳೆದದ್ದು ಪ್ರಾಗ್‌ನಲ್ಲೇ, ವಕೀಲರ ಮನೆಯಲ್ಲಿ. ಓಟಕರ್‌ಗೆ ಮೈಯೆಲ್ಲ ಉರಿದುಹೋಯಿತು. ಎದ್ದು ನಿಂತ.

"ಶಾಸ್ತ್ರ ಅಲ್ಲ ಅದು. ಕೂಸು ಕಳ್ಕೊಂಡವರ ಹತ್ರ ಬಿಸಿನೀರು ಕೇಳೋಕೆ ಅವಳಿಗೆ ಬಾಯಿ ಬರ್ತಿರ್ಲಿಲ್ಲ. ಅವಳು ನಮ್ಮಮ್ಮ."

ಸಭೆಯೆಲ್ಲ ತಿರುಗಿ ನೋಡಿತು. ನೀವು ಯಾರು ಕಾಮ್ರೇಡ್ ಎಂದು ಕಾರ್ಮಿಕ ಸಂಘದ ಅಧ್ಯಕ್ಷ ಕೇಳಿದ. ಓಟಕರ್ ತನ್ನ ಪೂರ್ತಿ ಹೆಸರು ಹೇಳಿದ. ಆರು ವರ್ಷಗಳಿಂದ ಯಾವ ಪತ್ರಿಕೆಯೂ ಅಚ್ಚು ಹಾಕದ ಆ ಹೆಸರನ್ನು ಅಧ್ಯಕ್ಷ ಕಾಗುಣಿತ ಕೇಳಿ ಕೇಳಿ ಬರೆದುಕೊಂಡ.

ಪಡಸಾಲೆಯಲ್ಲಿ ಹಾನುಶ್ ಓಡಿಬಂದು ತೋಳು ಹಿಡಿದ. ಇದ್ದ ಬಾಯ್ಲರ್ ಕೆಲಸವೂ ಹೋಗುತ್ತದೆ, ಚಿತ್ರವನ್ನೂ ಡಬ್ಬಕ್ಕೆ ತುಂಬಿ ಬೀಗ ಹಾಕುತ್ತಾರೆ, ನಿನಗೆ ಬುದ್ಧಿ ಇದೆಯೇ ಎಂದು ಪಿಸುಗುಟ್ಟಿದ. ಅವನು ಹೇಳಿದ ಎರಡೂ ಮಾತು ಒಂದು ವಾರದೊಳಗೆ ನಿಜವಾದವು.

"ನಿನ್ನ ಹೆಸರು ಹಾಕ್ಕೋ ಅಂದಿದ್ದೆ ಕಣೋ," ಎಂದ ಓಟಕರ್. "ನಮ್ಮಮ್ಮನ್ನ ನಿಮ್ಮಜ್ಜಿ ಮಾಡ್ಕೋ ಅಂದಿರ್ಲಿಲ್ಲ."

ತೋಳು ಬಿಡಿಸಿಕೊಂಡು ಬೀದಿಗೆ ಬಂದ. ಸಭೆಯಲ್ಲಿ ಪ್ರಶ್ನೆ ಕೇಳಿದ್ದ ಆ ಮುದುಕಿ ಆಲೂಗಡ್ಡೆಯ ಚೀಲ ಹಿಡಿದು ಟ್ರಾಮ್ ನಿಲ್ದಾಣದಲ್ಲಿ ನಿಂತಿದ್ದಳು. ಅವನನ್ನು ಮೇಲಿಂದ ಕೆಳಗೆ ನೋಡಿದಳು.

"ಹೆಸರೇನಪ್ಪ ಆಯಮ್ಮಂದು?"

"ಅಪೊಲೇನಾ."

ಟ್ರಾಮ್ ಬಂತು. ಕಿಟಕಿಯ ಬಳಿ ಕೂತ ಮುದುಕಿ, ಪಕ್ಕದ ಸೀಟಿನ ಮೇಲಿಟ್ಟಿದ್ದ ಚೀಲವನ್ನು ಎತ್ತಿ ತೊಡೆಯ ಮೇಲಿಟ್ಟುಕೊಂಡು ಅವನಿಗೆ ಜಾಗ ಮಾಡಿದಳು.