ಸುಣ್ಣ ಬಳಿದ ಕಲ್ಲುಗಳು

"ಇದನ್ನ ಕೊಯ್ಯೋದು ಅಂತಾರೇನೇ ಮುಂಡೆ? ಕಜ್ಜಿ ಹತ್ತಿದ ನಾಯಿ ಬೆನ್ನಿನ ಥರ ಇದೆ."

ಧಣಿ ಬೂಟಿನ ತುದಿಯಿಂದ ಹುಲ್ಲಿನ ಕುಚ್ಚೊಂದನ್ನು ತಿವಿದ. ಹುಲ್ಲಕ್ಕ ಕುಕ್ಕರುಗಾಲಿನಲ್ಲೇ ಹಿಂದೆ ಸರಿದು ಕುಡುಗೋಲನ್ನು ಮಡಿಲಿಗೆಳೆದುಕೊಂಡಳು. ಬಂಗಲೆಯ ಹಿಂದಿನ ಆ ದಿಬ್ಬದಲ್ಲಿ ಹುಲ್ಲು ಕೊಯ್ಯುತ್ತಲೇ ಅವಳ ಕೂದಲು ನರೆತಿತ್ತು. ಅವಳ ಹೆಸರು ಅವಳಿಗೇ ಮರೆತುಹೋಗುವಷ್ಟು ಕಾಲದಿಂದ ಎಲ್ಲರಿಗೂ ಅವಳು ಹುಲ್ಲಕ್ಕ.

ಧಣಿಯ ಪಕ್ಕದಲ್ಲಿ ನೀಲಿ ಟೋಪಿಯವನಿದ್ದ. ಮದುವೆಗಳನ್ನು ಗುತ್ತಿಗೆ ಹಿಡಿಯುವುದು ಅವನ ಕಸುಬು. ಧಣಿಯ ಮಗಳ ಮದುವೆ ಛತ್ರದಲ್ಲಲ್ಲ, ಅವರದೇ ನೆಲದಲ್ಲಿ, ಬಯಲಿನಲ್ಲಿ, ಆಕಾಶದ ಕೆಳಗೆ ಆಗಬೇಕಂತೆ. ದಿಬ್ಬದ ನೆತ್ತಿಯ ಮೇಲೆ ಮಂಟಪ, ಅದರ ಹಿಂದೆ ಕೊಳ, ಕೆಳಗಿನಿಂದ ಹುಡುಗಿ ನಡೆದು ಬರುವ ದಾರಿಯ ಎರಡೂ ಕಡೆ ಸುಣ್ಣ ಬಳಿದ ಕಲ್ಲುಗಳ ಸಾಲು. ನೀಲಿ ಟೋಪಿಯವನು ಎರಡೂ ಕೈಯ ಬೆರಳಿನಿಂದ ಚೌಕಟ್ಟು ಮಾಡಿ ಅದರೊಳಗೆ ಕಣ್ಣಿಟ್ಟು ದಿಬ್ಬವನ್ನು ನೋಡುತ್ತಿದ್ದ. ಚೌಕಟ್ಟಿನೊಳಗೆ ಬಂದ ಹುಲ್ಲಕ್ಕನಿಗೆ ಪಕ್ಕಕ್ಕೆ ಸರಿಯಲು ಕೈಸನ್ನೆ ಮಾಡಿದ.

ಆಮೇಲೆ ಸುಣ್ಣದ ಪುಡಿ ಉದುರಿಸುತ್ತಾ ಕಂಬದ ಗುಂಡಿಗಳಿಗೆ ಗುರುತು ಹಾಕುತ್ತಾ ಹೋದ. ಅದರಲ್ಲೊಂದು ಉಂಗುರ, ನೆತ್ತಿಯ ಮರದ ಬಲಗಡೆ, ಎತ್ತರಕ್ಕೆ ಬೆಳೆದ ಕುಚ್ಚೊಂದರ ಸುತ್ತ ಬಿತ್ತು. ಹುಲ್ಲಕ್ಕ ಕುಡುಗೋಲು ಹಿಡಿದೇ ಎದ್ದು ನಿಂತಳು. ಅಲ್ಲಿ ಮಣ್ಣಿನಡಿ ಅವಳ ಮಗಳಿದ್ದಳು.

ಆ ದಿಬ್ಬದಲ್ಲಿ ಅಲ್ಲಲ್ಲಿ ನಿಂತ ಕುಚ್ಚುಗಳು ಕೈತಪ್ಪಿ ಉಳಿದವಲ್ಲ. ಈಗಿನ ಧಣಿಯ ಅಪ್ಪ, ದೊಡ್ಡ ಧಣಿ, ಆಳುಗಳ ಹೆಣಕ್ಕೆ ದಿಬ್ಬದಲ್ಲಿ ಜಾಗ ಕೊಟ್ಟಿದ್ದ. ಆದರೆ ಕಲ್ಲು ನೆಡಕೂಡದು, ಮಣ್ಣು ಒಟ್ಟಕೂಡದು ಎಂದು ಕರಾರು ಹಾಕಿದ್ದ. ಇವತ್ತು ಕಲ್ಲು ನೆಟ್ಟವರು ನಾಳೆ ಬೇಲಿ ಹಾಕ್ತೀರಿ, ನಾಡಿದ್ದು ನೆಲ ನಮ್ಮದು ಅಂತೀರಿ ಎಂದಿದ್ದ. ಅವತ್ತಿನಿಂದ ಹುಲ್ಲೇ ಗುರುತು. ತಲೆಯಿರುವ ಕಡೆ ಒಂದು ಹಿಡಿ ಹುಲ್ಲನ್ನು ಬಿಟ್ಟು ಸುತ್ತ ಕೊಯ್ಯುವುದು. ಆಳುಗಳಿರುವ ಲೈನು ಮನೆಗಳ ಹೆಣ್ಣುಮಕ್ಕಳು ಕುಡುಗೋಲು ಹಿಡಿಯಲು ಕಲಿಯುವಾಗಲೇ ಅದನ್ನು ಎಲ್ಲಿ ಎತ್ತಬೇಕೆಂಬುದನ್ನೂ ಕಲಿಯುತ್ತಿದ್ದರು. ಹುಲ್ಲಕ್ಕನಿಗೆ ಅತ್ತೆ ಕೈಹಿಡಿದು ಕಲಿಸಿದ್ದಳು. ಈಗ ಅತ್ತೆಯೂ ಒಂದು ಕುಚ್ಚು.

"ಗುಂಡಿ ಮೂರಡಿ ಆಳ ಬೇಕು," ಎಂದ ನೀಲಿ ಟೋಪಿಯವನು. "ಈ ಕೂದಲನ್ನೆಲ್ಲ ನುಣ್ಣಗೆ ಬೋಳಿಸಿಬಿಡಿ."

ಗುಂಡಿ ತೋಡಬೇಕಾದವನು ಹುಲ್ಲಕ್ಕನ ತಮ್ಮನೇ. ಮಗಳಿಗೆ ಗುಂಡಿ ತೋಡಿದವನೂ ಅವನೇ. ಸುಣ್ಣದ ಉಂಗುರ ನೋಡಿ ಹಾರೆಯನ್ನು ಅಲ್ಲೇ ಒರಗಿಸಿ, ಅಕ್ಕನ ಮುಖ ನೋಡದೆ, ಬೀಡಿ ಹಚ್ಚಿದ. ಆಮೇಲೆ ಅವರಿಬ್ಬರೂ ಲೈನು ಮನೆಗಳಿಗೆಲ್ಲ ಹಿರಿಯನಾದ ಗಾರೆಯಜ್ಜನನ್ನು ಮುಂದೆ ಮಾಡಿಕೊಂಡು ಬಂಗಲೆಯ ಹಿಂಬಾಗಿಲಿಗೆ ಹೋದರು.

ಧಣಿ ಕುರ್ಚಿಯಲ್ಲಿ ಕೂತು ಮದುವೆಗೆ ತರಿಸಿದ ಬಿಳಿಯ ಕೋಟು ತೊಟ್ಟು ನೋಡುತ್ತಿದ್ದ. ದರ್ಜಿ ತೋಳಿನ ಹೊಲಿಗೆಗೆ ಸೂಜಿ ಚುಚ್ಚುತ್ತಿದ್ದ. ಗಾರೆಯಜ್ಜ ಈ ಮನೆಯ ಗೋಡೆ ಕಟ್ಟಿದವನು. ಮಾತನ್ನೂ ಕಟ್ಟಿಕೊಂಡೇ ಬಂದಿದ್ದ, ಬಾಗಿಲಿಗೆ ಬರುವಷ್ಟರಲ್ಲಿ ಅದು ಬಿದ್ದುಹೋಯಿತು. ಮಂಟಪವನ್ನು ನಾಕು ಮಾರು ಆಚೆಗೆ ಹಾಕಿದರೆ ಸಾಕು, ಅಲ್ಲಿ ನಮ್ಮವರಿದ್ದಾರೆ ಎಂದು ತೊದಲಿದ. ದರ್ಜಿ ಸೂಜಿಯನ್ನು ಬಾಯಲ್ಲಿ ಕಚ್ಚಿಕೊಂಡು ಕೇಳುತ್ತಾ ನಿಂತ.

"ಯಾರಲೇ ಇರೋದು ಅಲ್ಲಿ?" ಎಂದ ಧಣಿ. "ನನ್ನ ನೆಲದಲ್ಲಿ ನನಗೆ ಗೊತ್ತಿಲ್ದೆ ಯಾರಿದಾರೆ? ಒಂದು ಕಲ್ಲು ತೋರಿಸ್ರೋ ಬೋಳಿಮಕ್ಕಳಾ. ಒಂದೇ ಒಂದು ಕಲ್ಲು ತೋರಿಸಿ, ಮಂಟಪ ಬೇರೆ ಕಡೆ ಹಾಕಿಸ್ತೀನಿ."

ಮಾತಿಗೆ ತಾನೇ ನಕ್ಕ. ದರ್ಜಿಯೂ ಸೂಜಿಯ ಸಂದಿಯಲ್ಲಿ ನಕ್ಕ. ಮಧ್ಯಾಹ್ನಕ್ಕೆ ಬೀಗರು ಜಾಗ ನೋಡಲು ಬರುತ್ತಾರೆ, ಅಷ್ಟರಲ್ಲಿ ದಿಬ್ಬ ನುಣ್ಣಗಾಗಬೇಕು, ಇಲ್ಲದಿದ್ದರೆ ಲೈನು ಮನೆ ಖಾಲಿ ಮಾಡಿ ಎಂದು ಹೇಳಿ ಕೈಬೀಸಿದ.

ಹುಲ್ಲಕ್ಕನಿಗೆ ಇನ್ನೊಂದು ಆಸೆಯಿತ್ತು, ಮದುಮಗಳು ಅಪ್ಪನಿಗೆ ಒಂದು ಮಾತು ಹೇಳಿಯಾಳೆಂದು. ಮದುಮಗಳೂ ಅವಳ ಮಗಳೂ ಓರಗೆಯವರು. ಇವಳ ಹಳೇ ಲಂಗ ಅವಳು ಹಾಕಿಕೊಂಡು, ಅವಳ ಹೇನು ಇವಳ ತಲೆಗೆ ಹತ್ತಿ, ಬೈಸಿಕೊಂಡು ಬೆಳೆದವರು. ಮಗಳು ಬಂಗಲೆಯ ನೆಲತೊಟ್ಟಿ ತೊಳೆಯಲು ಇಳಿದು, ತೊಳೆಯುವ ಔಷಧಿಯ ಘಾಟಿಗೆ ಉಸಿರುಕಟ್ಟಿ ಮೇಲೆ ಬರದೇ ಹೋದಾಗ ಈ ಹುಡುಗಿ ಊಟ ಬಿಟ್ಟು ಅತ್ತಿದ್ದಳು. ತೊಟ್ಟಿಯನ್ನು ಮತ್ತೊಂದು ಸಲ ತೊಳೆಸಬೇಕಾಯ್ತಲ್ಲ ಎಂದು ಗೊಣಗಿದವಳು ಇವಳ ತಾಯಿ. ಇವಳಲ್ಲ.

ಬಿಸಿಲೇರುವ ಹೊತ್ತಿಗೆ ಮದುಮಗಳು ಚಪ್ಪಲಿ ಕೈಯಲ್ಲಿ ಹಿಡಿದು ಬರಿಗಾಲಲ್ಲಿ ದಿಬ್ಬ ಹತ್ತಿ ಬಂದಳು. ಹುಲ್ಲಕ್ಕ ಬಾಯಿಬಿಡುವ ಮೊದಲೇ ತೋಳು ಹಿಡಿದುಕೊಂಡಳು. ಅಪ್ಪ ಎಲ್ಲ ಹೇಳಿದರು, ನನಗೂ ಸಂಕಟವೇ ಎಂದಳು. ದುಡಿತದಿಂದ ಒರಟಾದ ಆ ತೋಳನ್ನು ಸವರಿದಳು.

"ಹುಲ್ಲಕ್ಕಾ, ಒಂದು ಥರದಲ್ಲಿ ಒಳ್ಳೇದೇ ಅಲ್ವಾ? ಮದುವೆ ದಿನ ಅವಳು ನನ್ನ ಜೊತೇಲೇ ಇದ್ದ ಹಾಗಾಗತ್ತೆ. ಬೇರೆಯವರು ಕೊಯ್ಯೋದು ಬೇಡ. ನೀನೇ ಕೊಯ್ದುಬಿಡು, ನಿನ್ನ ಕೈಯಾರೆ." ಸುತ್ತಲೂ ನೋಡಿದಳು. "ಎಲ್ಲಿ ಅಂತಾನೇ ಮರೆತುಹೋಗಿದೆ ನೋಡು. ಆ ಕಡೆ ಅಲ್ವಾ?"

"ನೀವು ನಿಂತಿರೋದೇ ಅವಳ ಮೇಲೆ, ಅಮ್ಮಾವ್ರೇ."

ಹುಡುಗಿ ಥಟ್ಟನೆ ಒಂದು ಕಾಲೆತ್ತಿದಳು. ಎತ್ತಿದ ಕಾಲನ್ನು ಎಲ್ಲಿಡಬೇಕೆಂದು ತಿಳಿಯದೆ, ಚಪ್ಪಲಿ ಹಿಡಿದ ಕೈ ಅಗಲಿಸಿಕೊಂಡು, ಕೊಕ್ಕರೆಯ ಹಾಗೆ ನಿಂತಳು. ಆಮೇಲೆ ಕುಂಟುತ್ತಾ ಕೆಳಗಿಳಿದು ಹೋದಳು.

ಹುಲ್ಲಕ್ಕ ಮರದ ಕೆಳಗೆ ಕೂತು ಕುಡುಗೋಲನ್ನು ಕಲ್ಲಿಗೆ ಮಸೆದಳು. ಮಸೆದದ್ದನ್ನೇ ಮಸೆದಳು. ಕೆಳಗೆ ಕೊಟ್ಟಿಗೆಯ ಮಾಡಿನ ಕೆಳಗೆ ಗಾರೆಯಜ್ಜ ದಾರಿಗಿಡುವ ಕಲ್ಲುಗಳಿಗೆ ಸುಣ್ಣ ಬಳಿಯುತ್ತಿದ್ದ. ಮೊಣಕಾಲೆತ್ತರದ, ಒಂದೇ ಅಳತೆಯ ಕಲ್ಲುಗಳು, ಬುಡ ಕಪ್ಪು, ನೆತ್ತಿ ಬಿಳಿ. ಅವಳು ಬಹಳ ಹೊತ್ತು ಅವನ್ನೇ ನೋಡಿದಳು. ಎದ್ದುಹೋಗಿ ಅದರಲ್ಲೊಂದನ್ನು ಹೆಗಲಿಗೇರಿಸಿಕೊಂಡಳು. ಹಸಿ ಸುಣ್ಣ ಕುತ್ತಿಗೆಗೆ ಹತ್ತಿ ಉರಿಯಿತು.

"ಎಲ್ಲಿಗೇ ಅದನ್ನ?" ಎಂದ ಗಾರೆಯಜ್ಜ.

"ಧಣಿ ಕೇಳಿದಾರಲ್ಲ. ತೋರಿಸೋಕೆ."

ಗಾರೆಯಜ್ಜನ ಕೈಯಲ್ಲಿ ಕುಂಚ ನಿಂತಿತು. ಲೈನು ಮನೆಯಿಂದ ಆಚೆ ಹಾಕಿಬಿಡ್ತಾನೆ ಎಂದ. ಹಾಕಲಿ, ಮಗಳನ್ನು ಹೊತ್ತುಕೊಂಡು ಎಲ್ಲಿಗೆ ಹೋಗ್ಲಿ, ನೀನೇ ಹೇಳು ಎಂದಳು ಅವಳು. ಅಜ್ಜ ಮೂಗಿನ ತುದಿಯ ಸುಣ್ಣವನ್ನು ಒರೆಸಿಕೊಂಡ. ಆಮೇಲೆ ಒಂದು ಕಲ್ಲನ್ನು ತಬ್ಬಿಕೊಂಡು, ಸೊಂಟ ಹಿಡಿದು ನರಳುತ್ತಾ, ಅವಳ ಹಿಂದೆ ಹೊರಟ.

ಬಂಗಲೆಯವರು ಬೀಗರನ್ನು ಕೂರಿಸಿಕೊಂಡು ಉಣ್ಣುತ್ತಿದ್ದರು. ಕಿಟಕಿಯಿಂದ ತಟ್ಟೆಗಳ ಸದ್ದೂ ನಗುವೂ ಕೇಳುತ್ತಿತ್ತು. ಹುಲ್ಲಕ್ಕನ ತಮ್ಮ ಸುಣ್ಣದ ಉಂಗುರದೊಳಕ್ಕೇ ಹಾರೆ ಹಾಕಿದ, ಆದರೆ ಮೆಲ್ಲಗೆ, ಮಲಗಿದವರಿಗೆ ಎಚ್ಚರವಾಗದ ಹಾಗೆ, ಕಲ್ಲಿನ ಬುಡ ಹಿಡಿಯುವಷ್ಟು ಮಾತ್ರ. ಅಕ್ಕ ಕಲ್ಲಿಳಿಸಿದಳು. ಅವನು ಸುತ್ತ ಮಣ್ಣು ಗಿಡಿದು ತುಳಿದ. ಲೈನು ಮನೆಗಳಿಂದ ಒಬ್ಬೊಬ್ಬರೇ ಬಂದರು, ಯಾರೂ ಯಾರನ್ನೂ ಕರೆಯಲಿಲ್ಲ. ಕೊಟ್ಟಿಗೆಯಿಂದ ದಿಬ್ಬಕ್ಕೆ ಕಲ್ಲು ಹೋದವು. ಅಪ್ಪನಿಗೊಂದು. ಅತ್ತೆಗೊಂದು. ಹುಟ್ಟಿ ಕಣ್ಣು ಬಿಡದ ಕೂಸಿಗೊಂದು. ಗಾರೆಯಜ್ಜ ಮಾತ್ರ ಕಲ್ಲನ್ನು ತಬ್ಬಿಕೊಂಡು ಅಲೆಯುತ್ತಿದ್ದ. ಅವನ ಹೆಂಡತಿಯ ಕುಚ್ಚನ್ನು ಯಾವಾಗಲೋ ಧಣಿಯ ಕುದುರೆ ಮೇದಿತ್ತು, ಗುರುತು ಸಿಗುತ್ತಿರಲಿಲ್ಲ. ಇಲ್ಲೇ ಎಲ್ಲೋ ಇದಾಳೆ, ಕೂಗಿದ್ರೆ ಯಾವತ್ತು ಒಂದೇ ಸಲಕ್ಕೆ ಓ ಅಂದಿದಾಳೆ ಎಂದು ಗೊಣಗಿ ಒಂದು ಕಡೆ ಇಳಿಸಿಬಿಟ್ಟ.

ಊಟ ಮುಗಿಸಿದವರು ಹೊರಗೆ ಬಂದರು. ಮುಂದೆ ನೀಲಿ ಟೋಪಿಯವನು, ಕೈ ಚಾಚಿ ವಿವರಿಸುತ್ತಿದ್ದವನು ಚಾಚಿದ ಕೈಯನ್ನು ಹಾಗೇ ಬಿಟ್ಟ. ದಾರಿಯಲ್ಲಿ ಒಂದು ಕಲ್ಲೂ ಇರಲಿಲ್ಲ. ದಿಬ್ಬದ ಮೈತುಂಬ ಬೆಳ್ಳಗೆ ನಿಂತಿದ್ದವು.

"ಏನದು?" ಎಂದು ಕೇಳಿದಳು ಗಂಡಿನ ತಾಯಿ. ಮದುಮಗಳ ಕಡೆ ತಿರುಗಿ ಮತ್ತೆ ಕೇಳಿದಳು. ಮದುಮಗಳು ತನ್ನ ಕಾಲನ್ನೇ ನೋಡಿಕೊಳ್ಳುತ್ತಿದ್ದಳು.

ಬೀಗರಿಗೆ ತೋರಿಸಲೆಂದು ಬಿಳಿಯ ಕೋಟು ತೊಟ್ಟೇ ಇದ್ದ ಧಣಿ ದಿಬ್ಬ ಹತ್ತಿ ಓಡಿಬಂದ. ಮರದ ಬಲಗಡೆಯ ಕಲ್ಲನ್ನು ಎರಡೂ ಕೈಯಲ್ಲಿ ಅವುಚಿ ಎಳೆದ. ಅದು ಅಲುಗಲಿಲ್ಲ. ಕೋಟಿನ ತೋಳು ಹೊಲಿಗೆಯ ಜಾಗದಲ್ಲಿ ಪರ್ರೆಂದಿತು.

"ಕೀಳೋ," ಎಂದು ಹುಲ್ಲಕ್ಕನ ತಮ್ಮನಿಗೆ ಕೂಗಿದ. "ಕಿತ್ತು ಬಿಸಾಕೋ ಇದನ್ನ, ಸೂಳೆಮಗನೇ."

ತಮ್ಮ ಹಾರೆಯ ಮೇಲೆ ಗದ್ದವೂರಿ ನಿಂತಿದ್ದ. ಹಾಗೇ ನಿಂತ.

"ಒಂದು ಕೇಳಿದ್ರಿ ಧಣಿ," ಎಂದಳು ಹುಲ್ಲಕ್ಕ. "ಎಣಿಸ್ಕೊಳ್ಳಿ."

ಅವಳು ಕುಕ್ಕರುಗಾಲಿನಲ್ಲಿ ಕೂತಳು. ಧಣಿಯ ಬೂಟಿನ ಪಕ್ಕದಲ್ಲಿ, ಕಲ್ಲಿನ ಬುಡದಲ್ಲಿ, ಎತ್ತರಕ್ಕೆ ಬೆಳೆದ ಆ ಕುಚ್ಚನ್ನು ಎಡಗೈಯಲ್ಲಿ ಒಟ್ಟುಮಾಡಿ ಹಿಡಿದಳು. ಇಷ್ಟು ವರ್ಷ ಎತ್ತಿಕೊಂಡು ದಾಟುತ್ತಿದ್ದ ಕುಡುಗೋಲನ್ನು ಅದಕ್ಕಿಟ್ಟು, ನುಣ್ಣಗೆ ಕೊಯ್ಯತೊಡಗಿದಳು.